ಗೈಡ್ ತೋರಿಸುವ ಬೇಲೂರು, ದಾಸೋಜ ಸಹಿ ಹಾಕಿದ ಬೇಲೂರು

ಬೇಲೂರಿನ ಗೋಪುರ ದಾಟಿ ಒಳಗೆ ಕಾಲಿಡುವಷ್ಟರಲ್ಲಿ ಯಾರಾದರೊಬ್ಬರು ಪಕ್ಕಕ್ಕೆ ಬಂದೇ ಬರುತ್ತಾರೆ. ಕೊರಳಲ್ಲಿ ಗುರುತಿನ ಚೀಟಿ, ಕೈಯಲ್ಲಿ ಒಂದು ಟಾರ್ಚು. "ಗೈಡ್ ಬೇಕಾ ಸಾರ್? ಗೈಡ್ ಇಲ್ದೆ ನೋಡಿದ್ರೆ ಬರೀ ಕಲ್ಲು ಕಾಣುತ್ತೆ." ವ್ಯಾಪಾರದ ಮಾತು, ಒಪ್ಪೋಣ. ಆದರೆ ಸುಳ್ಳಲ್ಲ. ಚೆನ್ನಕೇಶವ ಗುಡಿಯ ಗೋಡೆಯ ಮುಂದೆ ಮೊದಲ ಸಲ ನಿಂತವರಿಗೆ ಕಣ್ಣು ಎಲ್ಲಿ ನಿಲ್ಲಿಸಬೇಕು ಅಂತಲೇ ತಿಳಿಯುವುದಿಲ್ಲ. ಆನೆ ಸಾಲು, ಬಳ್ಳಿ ಸಾಲು, ಅದರ ಮೇಲೆ ದೇವರುಗಳು, ಅದರ ಮೇಲೆ, ಸೂರಿನ ಕೆಳಗೆ, ಮದನಿಕೆಯರು ಅನ್ನುವ ಚೆಲುವೆಯರ ಮೂರ್ತಿಗಳು. ಎಲ್ಲವನ್ನೂ ನೋಡಲು ಹೋಗಿ, ಯಾವುದನ್ನೂ ನೋಡದೆ, ಸ್ವಲ್ಪ ಹೊತ್ತಿಗೇ ಹೊರಗೆ ಬಂದು ಎಳನೀರು ಕುಡಿಯುವವರನ್ನು ಬೇಕಾದಷ್ಟು ನೋಡಿದ್ದೇನೆ.

ಹಾಗಾಗಿ ನಾನು ಗೈಡುಗಳ ಪಕ್ಷದವನು. ಇದನ್ನು ಮೊದಲೇ ಹೇಳಿಬಿಡುತ್ತೇನೆ. ಯಾಕಂದ್ರೆ ಮುಂದೆ ಒಂದಷ್ಟು ತಕರಾರು ಬರಲಿದೆ.

ಈ ಸಲ ನಮಗೆ ಸಿಕ್ಕಿದ್ದು ಐವತ್ತು ದಾಟಿದ, ಗಂಟಲು ಚೆನ್ನಾಗಿ ಪಳಗಿದ ಗೈಡ್. ಜೊತೆಗೆ ನಮ್ಮ ಮನೆಯವರು, ಅಮೆರಿಕದಿಂದ ಬಂದ ಅಣ್ಣನ ಸಂಸಾರ. ಮಕ್ಕಳಿಗೆ ಆಗಲೇ ಬೇಜಾರು ಶುರುವಾಗಿತ್ತು. ಗೈಡ್ ಅದನ್ನು ನೋಡಿದರು. ನೇರ ಒಂದು ಮದನಿಕೆಯ ಕೆಳಗೆ ಕರೆದುಕೊಂಡು ಹೋಗಿ ನಿಲ್ಲಿಸಿ, ಅವಳನ್ನು ಬಿಟ್ಟು ಅವಳ ತಲೆಯ ಮೇಲಿನ ಎಲೆ ಚಪ್ಪರದ ಕಡೆ ಬೆರಳು ತೋರಿಸಿದರು. "ಅಲ್ಲಿ ಹಲಸಿನ ಹಣ್ಣು ಕಾಣ್ತಾ? ಹಣ್ಣಿನ ಮೇಲೆ ಏನಿದೆ?" ನೊಣ! "ನೊಣದ ಹತ್ರ?" ಹಲ್ಲಿ! ಅಷ್ಟೇ. ಅಲ್ಲಿಂದ ಮುಂದೆ ಮಕ್ಕಳೇ ಗೈಡನ್ನು ಎಳೆದುಕೊಂಡು ಹೋದರು.

ಇದು ನಿಜವಾದ ವಿದ್ಯೆ. ಪುಸ್ತಕ ಓದಿಕೊಂಡು ಹೋದರೂ ಆ ಹಲ್ಲಿ ನನಗೆ ತಾನಾಗಿ ಕಾಣುತ್ತಿರಲಿಲ್ಲ. ಒಂಬೈನೂರು ವರ್ಷದಿಂದ ನೊಣಕ್ಕಾಗಿ ಹೊಂಚು ಹಾಕಿ ಕೂತಿರುವ ಹಲ್ಲಿಯನ್ನು ಒಬ್ಬ ಶಿಲ್ಪಿ ಯಾರಿಗೋಸ್ಕರ ಕೆತ್ತಿದ? ಕೆಳಗೆ ನಿಂತವರಲ್ಲಿ ನೂರಕ್ಕೆ ಒಬ್ಬರಿಗೂ ಅದು ಕಾಣುವುದಿಲ್ಲ ಅಂತ ಅವನಿಗೆ ಗೊತ್ತಿರಲೇಬೇಕು.

ತಕರಾರು ಇರುವುದು ಹಲ್ಲಿಯ ನಂತರ ಬರುವುದರಲ್ಲಿ. ಗೈಡ್ ಪ್ರವಾಸಕ್ಕೆ ಒಂದು ಧಾಟಿ ಇದೆ, ಎಲ್ಲ ಗೈಡುಗಳದ್ದೂ ಹೆಚ್ಚು ಕಡಿಮೆ ಅದೇ. ಕನ್ನಡಿ ಹಿಡಿದ ದರ್ಪಣ ಸುಂದರಿ, ಅವಳೇ ಈ ಗುಡಿ ಕಟ್ಟಿಸಿದ ಹೊಯ್ಸಳ ರಾಜ ವಿಷ್ಣುವರ್ಧನನ ರಾಣಿ ಶಾಂತಲೆ ಅಂತೆ. ಗಿಳಿಯ ಜೊತೆ ಮಾತಾಡುವವಳು. ಕೋತಿ ಸೀರೆ ಎಳೆಯುತ್ತಿರುವವಳು. ಒಳಗೆ, ಕೈಯ ಬಳೆ ಅಲ್ಲಾಡಿಸಬಹುದಾದ ಮದನಿಕೆ. ಹಿಂದೆ ತಿರುಗುತ್ತಿತ್ತು ಎನ್ನುವ ನರಸಿಂಹ ಕಂಬ. ಶಾಂತಲೆ ನಾಟ್ಯವಾಡಿದಳು ಎನ್ನುವ ದುಂಡು ಕಲ್ಲು. ಹೊರಗೆ ಬಂದರೆ ಬುನಾದಿಯೇ ಇಲ್ಲದೆ ನಿಂತ ದೀಪದ ಕಂಬ. ಅದರ ಬುಡದಲ್ಲಿ ಒಂದು ಕಡೆಯಿಂದ ಕಾಗದ ತೂರಿಸಿ ಇನ್ನೊಂದು ಕಡೆಯಿಂದ ತೆಗೆದು ತೋರಿಸುತ್ತಾರೆ. ಜನ "ಅಬ್ಬಾ" ಅನ್ನುತ್ತಾರೆ.

ಈ "ಅಬ್ಬಾ" ಅನ್ನೋದೇ ಗೈಡಿನ ಸಂಪಾದನೆ. ಹತ್ತು ನಿಮಿಷಕ್ಕೆ ಒಂದು "ಅಬ್ಬಾ" ಬರದಿದ್ದರೆ ಗುಂಪು ಮೊಬೈಲ್ ತೆಗೆಯುತ್ತದೆ. ಹಾಗಾಗಿ ಗುಡಿ ಒಂದು ಪವಾಡದಿಂದ ಇನ್ನೊಂದು ಪವಾಡಕ್ಕೆ ಹಾರುವ ಜಾಗವಾಗುತ್ತದೆ. ನಡುವೆ ಇರುವ ಗೋಡೆ, ಮೂಲೆ, ಮೆಟ್ಟಿಲು ಯಾವುದೂ ಕಣ್ಣಿಗೆ ಬೀಳುವುದಿಲ್ಲ. ಪವಾಡದ ಮಾತು ಬಂದಾಗ ಮರೆಗೆ ಸರಿಯುವುದು ಕೆಲಸ. ಕಲ್ಲು ಕಡಿದವರ, ಸಾಗಿಸಿದವರ, ಅಳತೆ ಹಾಕಿದವರ, ಉಳಿ ಹಿಡಿದವರ ಕೆಲಸ. ನನಗೆ ಅದೇ ಜಾಸ್ತಿ ಆಶ್ಚರ್ಯ.

ದೀಪದ ಕಂಬವನ್ನೇ ತೆಗೆದುಕೊಳ್ಳಿ. 42 ಅಡಿ ಎತ್ತರ ಅಂತ ಗೈಡ್ ಹೇಳುತ್ತಾರೆ. ಇಷ್ಟು ಭಾರದ ಕಲ್ಲನ್ನು ನೆಟ್ಟಗೆ, ಗಟ್ಟಿ ಪೀಠದ ಮೇಲೆ ನಿಲ್ಲಿಸಿದರೆ ಅದರ ತೂಕವೇ ಅದನ್ನು ಹಿಡಿದಿಡುತ್ತದೆ. ಬುಡ ಪೂರ್ತಿ ಸಮತಟ್ಟಾಗಿರಬೇಕಿಲ್ಲ, ಮೂರು ಕಡೆ ಊರಿದರೆ ಸಾಕು. ಇದು ಕಲ್ಲುಕುಟಿಗರಿಗೆ ಗೊತ್ತಿರುವ ಲೆಕ್ಕ. ಅಷ್ಟುದ್ದದ ಒಂದೇ ಕಲ್ಲನ್ನು ಮುರಿಯದೆ ತಂದು, ಎತ್ತಿ, ನೆಟ್ಟಗೆ ನಿಲ್ಲಿಸಿದ್ದು ಹೇಗೆ ಅನ್ನುವ ಪ್ರಶ್ನೆಯನ್ನು ಮಾತ್ರ ಯಾರೂ ಕೇಳಲಿಲ್ಲ. ಕಾಗದ ಆಚೆ ಬಂತಲ್ಲ, ಸಾಕು.

(42 ಅನ್ನುವ ಸಂಖ್ಯೆಗೂ ಬೇಲೂರಿಗೂ ಏನೋ ನಂಟಿದೆ. ಕಂಬ 42 ಅಡಿ. ಮದನಿಕೆಯರು 42: ಹೊರಗೆ 38, ಒಳಗೆ 4. 2023ರ ಸೆಪ್ಟೆಂಬರಿನಲ್ಲಿ ಬೇಲೂರು, ಹಳೇಬೀಡು, ಸೋಮನಾಥಪುರ ಸೇರಿ ಯುನೆಸ್ಕೊ ಪಟ್ಟಿಗೆ ಹೋದಾಗ ಅದು ಭಾರತದ 42ನೇ ವಿಶ್ವ ಪರಂಪರೆ ತಾಣ. ನಮ್ಮ ಗೈಡ್ ಇದನ್ನು ಹೇಳಲಿಲ್ಲ. ಹೇಳಿದ್ದರೆ ಇನ್ನೊಂದು "ಅಬ್ಬಾ" ಗ್ಯಾರಂಟಿ ಇತ್ತು.)

ನವರಂಗದ, ಅಂದರೆ ಗುಡಿಯ ಒಳಮಂಟಪದ, ಕಂಬಗಳ ಕತೆಯೂ ಹೀಗೇ. ಒಳಗೆ ಹೋದ ಮೇಲೆ ಕಣ್ಣು ಕತ್ತಲೆಗೆ ಹೊಂದಿಕೊಳ್ಳಲು ಸ್ವಲ್ಪ ಹೊತ್ತು ಬೇಕು. ಆಮೇಲೆ ಕಂಬಗಳ ಮೇಲೆ ಬಳೆ ಬಳೆಯಾಗಿ ಸುತ್ತಿದ ಗೆರೆಗಳು ಕಾಣುತ್ತವೆ, ಒಂದಿಷ್ಟೂ ಅಂಕುಡೊಂಕಿಲ್ಲ. ಈಗಿನ ಯೂಟ್ಯೂಬ್ ಕಾಲದಲ್ಲಿ ಇದಕ್ಕೆ ಹೊಸ ವಿವರಣೆ ಬಂದಿದೆ: ಆಗಲೇ ಮಷೀನ್ ಇತ್ತು, ಯಾವುದೋ ಕಳೆದುಹೋದ ತಂತ್ರಜ್ಞಾನ ಇತ್ತು ಅಂತ. ಪಕ್ಕದ ಗುಂಪಿನ ಗೈಡ್ ಅದನ್ನೇ ಹೇಳುತ್ತಿದ್ದರು. ಮಷೀನ್ ಇದ್ದದ್ದು ನಿಜ. ಅದರಲ್ಲಿ ಗುಟ್ಟೇನೂ ಇಲ್ಲ. ಕಲ್ಲನ್ನು ತಿರುಗಿಸಿ ಉಳಿ ಒತ್ತಿ ಕಡೆಯುವ ತಿರುಗಣೆ ಅದು. ಚನ್ನಪಟ್ಟಣದಲ್ಲಿ ಮರದ ಬೊಂಬೆ ಕಡೆಯುತ್ತಾರಲ್ಲ, ಅದೇ ಉಪಾಯ. ಬೊಂಬೆಯ ಜಾಗದಲ್ಲಿ ಟನ್‌ಗಟ್ಟಲೆ ತೂಗುವ ಕಲ್ಲನ್ನು ಇಟ್ಟು ನೋಡಿ. ತಿರುಗಿಸಲು ಎಷ್ಟು ಕೈ ಬೇಕು, ಎಷ್ಟು ದಿನ ಬೇಕು, ನಡುವೆ ಕಲ್ಲಿನಲ್ಲಿ ಒಂದು ಬಿರುಕು ಕಂಡರೆ ಏನು ಗತಿ? ಕಳೆದುಹೋದ ತಂತ್ರಜ್ಞಾನದ ಕತೆಗಿಂತ ಇದು ನನಗೆ ರೋಚಕ.

ಕಲ್ಲೂ ಸಹಾಯ ಮಾಡಿತು. ಇದು ಬಳಪದ ಕಲ್ಲು. ಗಣಿಯಿಂದ ತೆಗೆದಾಗ ಮೆತ್ತಗಿರುತ್ತದೆ, ಉಳಿಗೆ ಸುಲಭವಾಗಿ ಬಗ್ಗುತ್ತದೆ. ಗಾಳಿಗೆ ಬಿದ್ದ ಮೇಲೆ ನಿಧಾನಕ್ಕೆ ಗಟ್ಟಿಯಾಗುತ್ತದೆ. ಹಂಪಿಯ ಗಟ್ಟಿ ಕಗ್ಗಲ್ಲಿನಲ್ಲಿ ನೊಣದ ರೆಕ್ಕೆ ಕೆತ್ತುವುದು ಸುಲಭದ ಮಾತಲ್ಲ. ಇದನ್ನು ನಮ್ಮ ಗೈಡ್ ಚೆನ್ನಾಗಿ ವಿವರಿಸಿದರು, ಒಪ್ಪಿಕೊಳ್ಳಬೇಕು.

ಆಮೇಲೆ ಜಕಣಾಚಾರಿ ಬಂದ.

ಬಂದೇ ಬರುತ್ತಾನೆ. ಚೆನ್ನಕೇಶವ ಗುಡಿಯ ಪಕ್ಕದಲ್ಲೇ ಕಪ್ಪೆ ಚೆನ್ನಿಗರಾಯನ ಗುಡಿ ಇದೆ. ಅಲ್ಲಿ ನಿಂತರೆ ಈ ಕತೆ ಕೇಳದೆ ಹೊರಗೆ ಬರುವಂತಿಲ್ಲ. ಊರು ಬಿಟ್ಟು ಬಂದ ಮಹಾಶಿಲ್ಪಿ. ಅಪ್ಪನನ್ನು ಹುಡುಕಿಕೊಂಡು ಬಂದ ಮಗ ಡಂಕಣ. ಮೂರ್ತಿಯ ಕಲ್ಲಿನಲ್ಲಿ ದೋಷ ಇದೆ ಅಂತ ಹುಡುಗನ ಸವಾಲು. ಮೈಗೆಲ್ಲ ಗಂಧ ಬಳಿದಾಗ ಎಲ್ಲ ಕಡೆ ಒಣಗಿ ಹೊಕ್ಕುಳ ಹತ್ತಿರ ಮಾತ್ರ ಒದ್ದೆ. ಅಲ್ಲಿ ಒಡೆದರೆ ನೀರು, ನೀರಿನಲ್ಲಿ ಕಪ್ಪೆ. ಸೋತ ಅಪ್ಪ ಕೈ ಕತ್ತರಿಸಿಕೊಳ್ಳುತ್ತಾನೆ. ಎಷ್ಟು ಸಲ ಕೇಳಿದರೂ ಬೇಜಾರಾಗದ ಕತೆ. ನಮ್ಮ ಗೈಡ್ ಅದನ್ನು ಹೇಳುವಾಗ ಅಣ್ಣನ ಕಿರಿಯ ಮಗಳು ಬಾಯಿ ಬಿಟ್ಟುಕೊಂಡು ಕೇಳುತ್ತಿದ್ದಳು. ಸರ್ಕಾರ ಶಿಲ್ಪಿಗಳಿಗೆ ಕೊಡುವ ಪ್ರಶಸ್ತಿಯೂ ಜಕಣಾಚಾರಿಯ ಹೆಸರಿನಲ್ಲೇ ಇದೆ.

ಆದರೆ ಬೇಲೂರಿನ ಯಾವ ಶಾಸನದಲ್ಲೂ ಜಕಣಾಚಾರಿ ಇಲ್ಲ. ಆ ಗುಡಿಯ ವಿಷಯದಲ್ಲಿ ಶಾಸನ ಹೇಳುವುದು ಬೇರೆ: ಚೆನ್ನಿಗರಾಯನ ಪ್ರತಿಷ್ಠೆ ಮಾಡಿಸಿದವಳು ಶಾಂತಲೆ. ದರ್ಪಣ ಸುಂದರಿಯ ಮುಂದೆ ಅವಳ ಅಂದದ ಬಗ್ಗೆ, ದುಂಡು ಕಲ್ಲಿನ ಮುಂದೆ ಅವಳ ನಾಟ್ಯದ ಬಗ್ಗೆ ಅಷ್ಟು ಹೇಳಿದ ಗೈಡ್, ಅವಳೇ ಕಟ್ಟಿಸಿದ ಗುಡಿಗೆ ಬಂದಾಗ ಅವಳನ್ನು ಬಿಟ್ಟು ಕಪ್ಪೆಯ ಕತೆ ಹೇಳಿದರು. ಶಾಂತಲೆ ಜೈನಳು. 1123ರಲ್ಲಿ ಶ್ರವಣಬೆಳಗೊಳದಲ್ಲಿ ಸವತಿಗಂಧವಾರಣ ಬಸದಿ ಕಟ್ಟಿಸಿದವಳು. ಅದೇ ಕೈ ಇಲ್ಲಿ ವಿಷ್ಣುವಿನ ಮೂರ್ತಿಯನ್ನೂ ನಿಲ್ಲಿಸಿತು. ಕಪ್ಪೆಗಿಂತ ಇದು ಕಡಿಮೆ ಕತೆಯಾ?

ಇನ್ನು ಶಿಲ್ಪಿಗಳು. ಅವರ ಹೆಸರುಗಳು ಅಲ್ಲೇ ಇವೆ. ಕಲ್ಲಿನ ಮೇಲೆ, ಕನ್ನಡದಲ್ಲಿ, ಮೂರ್ತಿಗಳ ಪೀಠದಲ್ಲಿ. ಬಳ್ಳಿಗಾವಿಯ ದಾಸೋಜ. ಅವನ ಮಗ ಚಾವಣ. ಮಲ್ಲಿಯಣ್ಣ, ನಾಗೋಜ, ಚಿಕ್ಕಹಂಪ, ಮಲ್ಲೋಜ. ನಾಲ್ಕು ಮದನಿಕೆಯರು ದಾಸೋಜನವು, ಐದು ಚಾವಣನವು ಅಂತ ಸಹಿಗಳಿಂದ ಗೊತ್ತಾಗುತ್ತದೆ. 20ನೇ ಶತಮಾನದ ಶುರುವಿನಲ್ಲೇ ಮೈಸೂರಿನ ಪುರಾತತ್ವ ಇಲಾಖೆಯ ಆರ್. ನರಸಿಂಹಾಚಾರ್ ಈ ಸಹಿಗಳನ್ನು ಓದಿ ಬರೆದಿಟ್ಟರು. ಅಂದರೆ ನಮಗೆ ಗೊತ್ತಾಗಿ ನೂರು ವರ್ಷವಾಯಿತು. ಬಳ್ಳಿಗಾವಿ ಇರುವುದು ಶಿಕಾರಿಪುರದ ಹತ್ತಿರ. ಆ ಕಾಲಕ್ಕೆ ದೊಡ್ಡ ಊರು, ಕಲ್ಯಾಣ ಚಾಲುಕ್ಯರ ಕಾಲದ ಗುಡಿಗಳಿಂದ ತುಂಬಿದ್ದ ಊರು. ಕೆಲಸ ಕಲಿತ ಅಪ್ಪ, ಮಗನನ್ನೂ ಕರೆದುಕೊಂಡು, ಹೊಸ ರಾಜನ ಹೊಸ ಕೆಲಸಕ್ಕೆ ಮಲೆನಾಡಿನ ಇನ್ನೊಂದು ತುದಿಗೆ ಬಂದಿದ್ದಾನೆ.

ಗಮನಿಸಿದಿರಾ? ದಂತಕತೆಯಲ್ಲೂ ಅಪ್ಪ ಮಗ, ಶಾಸನದಲ್ಲೂ ಅಪ್ಪ ಮಗ. ಕತೆಯ ಅಪ್ಪ ಮಗನ ಕೈಲಿ ಸೋತು ಕೈ ಕಳೆದುಕೊಳ್ಳುತ್ತಾನೆ. ನಿಜದ ಅಪ್ಪ ಮಗನ ಜೊತೆ ಒಂದೇ ಸೂರಿನ ಕೆಳಗೆ ಮದನಿಕೆಯರನ್ನು ಕೆತ್ತುತ್ತಾನೆ, ಇಬ್ಬರೂ ಸಹಿ ಹಾಕುತ್ತಾರೆ. ಮಗನದು ಅಪ್ಪನಿಗಿಂತ ಒಂದು ಜಾಸ್ತಿ. ಮನೆಯಲ್ಲಿ ಅದರ ಬಗ್ಗೆ ಏನು ಮಾತಾಯಿತೋ ದೇವರಿಗೇ ಗೊತ್ತು.

ಇವರು ಸಂಕೋಚದವರೂ ಅಲ್ಲ. ಸಹಿಯ ಜೊತೆ ಬಿರುದುಗಳನ್ನೂ ಕೆತ್ತಿಕೊಂಡಿದ್ದಾರೆ. ಎದುರಾಳಿ ಶಿಲ್ಪಿಗಳು ಮನ್ಮಥನಾದರೆ ನಾನು ಅವರನ್ನು ಸುಡುವ ಶಿವ ಅನ್ನುವ ಧಾಟಿ. "ಹೆಸರು ಬಯಸದೆ ದುಡಿದ ನಮ್ಮ ಪ್ರಾಚೀನ ಶಿಲ್ಪಿಗಳು" ಅಂತ ಭಾಷಣ ಮಾಡುವವರನ್ನು ಒಮ್ಮೆ ಇಲ್ಲಿಗೆ ಕರೆತರಬೇಕು. ಹೊಯ್ಸಳ ಶಿಲ್ಪಿಗಳು ಹೆಸರು ಬಯಸಿದರು, ಚೆನ್ನಾಗಿಯೇ ಬಯಸಿದರು, ಕಲ್ಲಿನಲ್ಲೇ ಬರೆದಿಟ್ಟರು. ನಾವು ಅವರನ್ನು ಬಿಟ್ಟು ಇನ್ನೊಬ್ಬನನ್ನು ಹುಡುಕಿಕೊಂಡೆವು.

ಮಧ್ಯಾಹ್ನ ಮನೆಯವರು ನೆರಳು ಹುಡುಕಿ ಕೂತಾಗ ನಾನು ಜಗತಿಯ, ಅಂದರೆ ಗುಡಿ ನಿಂತಿರುವ ಎತ್ತರದ ಕಟ್ಟೆಯ, ಮೇಲೆ ಸುಮ್ನೆ ಕೂತು ಬೇರೆ ಗುಂಪುಗಳ ಗೈಡುಗಳನ್ನು ಕೇಳಿದೆ. ಒಳ್ಳೆಯ ಕಾಲಹರಣ. ಯಾರಿಗೂ ಬೇಡ ಅನ್ನಲಾಗದು, ದುಡ್ಡೂ ಇಲ್ಲ. ಒಂದೇ ಗುಡಿ, ಆದರೆ ಗುಂಪಿಗೆ ತಕ್ಕ ಗುಡಿ. ಉತ್ತರದಿಂದ ಬಂದವರಿಗೆ ಹಿಂದಿಯಲ್ಲಿ ರಾಮಾಯಣ, ಮಹಾಭಾರತ. ವಿದೇಶಿಯರಿಗೆ ಇಂಗ್ಲಿಷಿನಲ್ಲಿ ಕಲ್ಲಿನ ಜಾತಿ, ನಕ್ಷತ್ರದ ಆಕಾರ. ಕಾಲೇಜು ಹುಡುಗರಿಗೆ "ನೋಡಿ, ಆಗಲೇ ಮಿನಿ ಸ್ಕರ್ಟು, ಆಗಲೇ ಹೈ ಹೀಲ್ಸು". ಶಾಲೆ ಮಕ್ಕಳಿಗೆ ಆನೆ ಎಣಿಸುವ ಆಟ. ಒಬ್ಬರು 644 ಅಂದರು, ಇನ್ನೊಬ್ಬರು 650 ಅಂದರು. ಎಲ್ಲರಿಗೂ ಕೊನೆಗೆ "ಕಟ್ಟೋಕೆ 103 ವರ್ಷ, ಮೂರು ತಲೆಮಾರು".

103 ವರ್ಷದ ಲೆಕ್ಕಕ್ಕೆ ಒಂದು ತೊಡಕಿದೆ. ವಿಷ್ಣುವರ್ಧನ ಚೋಳರಿಂದ ತಲಕಾಡು ಗೆದ್ದದ್ದು 1116ರ ಸುಮಾರಿಗೆ. ವಿಜಯನಾರಾಯಣ ಅನ್ನುವ ಹೆಸರಲ್ಲಿ ಇಲ್ಲಿ ದೇವರ ಪ್ರತಿಷ್ಠೆ ಆದದ್ದು 1117ರಲ್ಲಿ. ಹಾಗಾದರೆ ಮುಖ್ಯ ಗುಡಿ ಬೇಗನೆ ಎದ್ದಿದೆ. ಆಮೇಲೆ ತಲೆಮಾರುಗಳ ತನಕ ಸೇರಿಸುತ್ತಾ ಹೋದರು ಅನ್ನುವುದು ನಿಜ. ನವರಂಗವನ್ನು ಕತ್ತಲೆ ಮಾಡಿದ ಜಾಲಂಧ್ರಗಳು (ತೂತು ತೂತಾದ ಕಲ್ಲಿನ ಜಾಲರಿಗಳು) ಮೊಮ್ಮಗ ಇಮ್ಮಡಿ ಬಲ್ಲಾಳನ ಕಾಲದವು. ಅದಕ್ಕೆ ಮೊದಲು ಮಂಟಪ ತೆರೆದೇ ಇತ್ತು. ಇದು ಗೊತ್ತಾದ ಮೇಲೆ ಒಳಗಿನ ಕಂಬಗಳನ್ನು ನೋಡುವ ರೀತಿಯೇ ಬದಲಾಗುತ್ತದೆ. ಟಾರ್ಚು ಹಾಕಿ ನೋಡಲಿ ಅಂತ ಅವುಗಳನ್ನು ಕಡೆದಿರಲಿಲ್ಲ. ಹಗಲು ಬೆಳಕು ನೇರ ಬಂದು ಬೀಳುತ್ತಿತ್ತು. ನಾವು ಒಳಗೆ ಬರುವ ಎತ್ತರದ ಗೋಪುರವೂ ಹೊಯ್ಸಳರದ್ದಲ್ಲ. ಸುಟ್ಟುಹೋದ ಹಳೆಯದರ ಜಾಗದಲ್ಲಿ ವಿಜಯನಗರದ ಇಮ್ಮಡಿ ಹರಿಹರನ ದಂಡನಾಯಕ ಗುಂಡ 1397ರಲ್ಲಿ ಕಟ್ಟಿಸಿದ್ದು. ಗರ್ಭಗುಡಿಯ ಮೇಲಿದ್ದ ಶಿಖರ ಈಗಿಲ್ಲ. ಶಿಥಿಲವಾಗಿತ್ತು ಅಂತ 19ನೇ ಶತಮಾನದಲ್ಲಿ ಇಳಿಸಿಬಿಟ್ಟರು. ಗುಡಿ ಸ್ವಲ್ಪ ಕುಳ್ಳಗೆ, ಚಪ್ಪಟೆಯಾಗಿ ಕಾಣುವುದು ಅದಕ್ಕೇ.

ಹೀಗೆ ಕಾಣಬೇಕಾದರೆ ದೂರ ನಿಲ್ಲಬೇಕು. ಗೈಡ್ ಪ್ರವಾಸದಲ್ಲಿ ಅದೊಂದು ಆಗುವುದೇ ಇಲ್ಲ. ಗುಂಪು ಯಾವಾಗಲೂ ಗೋಡೆಗೆ ಅಂಟಿಕೊಂಡೇ ಇರುತ್ತದೆ. ಅಂಗಳದ ಮೂಲೆಗೆ ಹೋಗಿ ನಿಂತರೆ ನಕ್ಷತ್ರದ ಆಕಾರದ ಉಪಯೋಗ ಅರ್ಥವಾಗುತ್ತದೆ. ಒಂದು ಚೌಕವನ್ನು ಅದರ ನಡುವಿನ ಬಿಂದುವಿನ ಸುತ್ತ ಸ್ವಲ್ಪ ಸ್ವಲ್ಪ ತಿರುಗಿಸುತ್ತಾ ಹೋದರೆ ಮೂಲೆಗಳೆಲ್ಲ ಸೇರಿ ನಕ್ಷತ್ರವಾಗುತ್ತದೆ. ಗೋಡೆ ನೇರ ಇದ್ದರೆ ಬಿಸಿಲು ಒಂದೇ ಸಮ ಬಿದ್ದು ಕೆತ್ತನೆ ಚಪ್ಪಟೆಯಾಗುತ್ತದೆ. ಇಲ್ಲಿ ಪ್ರತಿ ಮೂಲೆಗೂ ಒಂದು ನೆರಳು. ಗೋಡೆಯ ಒಟ್ಟು ಉದ್ದವೂ ಜಾಸ್ತಿ, ಮೂರ್ತಿಗಳಿಗೆ ಜಾಗವೂ ಜಾಸ್ತಿ. ಕೆಳಗಿನ ಜಗತಿಯೂ ಅದೇ ಆಕಾರದಲ್ಲಿದೆ. ಹಾಗಾಗಿ ಪ್ರದಕ್ಷಿಣೆ ಬರುವಾಗ ಕಾಲೂ ನಕ್ಷತ್ರವನ್ನೇ ಸುತ್ತುತ್ತದೆ.

ಮಧ್ಯಾಹ್ನದ ಮೇಲೆ ನಮ್ಮ ಗೈಡ್ ಮತ್ತೆ ಕಂಡರು. ಗುಂಪು ಕಳಿಸಿ ಬಿಡುವಾಗಿದ್ದರು. ದಾಸೋಜನ ಸಹಿ ಎಲ್ಲಿದೆ ಅಂತ ಕೇಳಿದೆ. ಒಂದು ಕ್ಷಣ ನನ್ನನ್ನೇ ನೋಡಿದರು. ಆಮೇಲೆ ಟಾರ್ಚು ಜೇಬಿಗೆ ಹಾಕಿ, "ಬನ್ನಿ" ಅಂತ ಸರಸರ ನಡೆದರು. ಇಲ್ಲಿ ದಾಸೋಜ, ಇಲ್ಲಿ ಚಾವಣ, ಇದು ನಾಗೋಜ, ನೋಡಿ ಇವನಿಗೆ ಪ್ರಾಣಿ ಪಕ್ಷಿ ಅಂದ್ರೆ ಇಷ್ಟ. ಎಲ್ಲವೂ ಬಾಯಿಪಾಠ. ಮೇಲಿನ ಅಕ್ಷರಗಳನ್ನು ಮೊಬೈಲಿನಲ್ಲಿ ದೊಡ್ಡದು ಮಾಡಿ ಓದಿಸಿದರು. ಹಳೆಯ ಲಿಪಿ, ಆದರೂ ತಡವರಿಸಿದರೆ ಒಂದೆರಡು ಅಕ್ಷರ ಪತ್ತೆಯಾಗುತ್ತದೆ. ಇಷ್ಟೆಲ್ಲ ಗೊತ್ತಿದ್ದೂ ಬೆಳಿಗ್ಗೆ ಯಾಕೆ ಹೇಳಲಿಲ್ಲ ಅಂದೆ. "ಯಾರೂ ಕೇಳಲ್ಲ ಸಾರ್. ಕೇಳದೇ ಹೇಳಿದ್ರೆ ಜನ ಬಸ್ಸಿನ ಕಡೆ ನೋಡ್ತಾರೆ. ಜಕಣಾಚಾರಿ ಹೇಳದಿದ್ರೆ ಮಾತ್ರ, ಗೈಡಿಗೆ ಏನೂ ಗೊತ್ತಿಲ್ಲ ಅಂತ ಬೈತಾರೆ."

ಇದಕ್ಕೆ ನನ್ನ ಹತ್ತಿರ ಉತ್ತರ ಇರಲಿಲ್ಲ. ಗೈಡ್ ಹೇಳುವ ಗುಡಿ ಗೈಡಿನದ್ದಲ್ಲ, ನಮ್ಮದು. ನಾವು ಕೇಳಿ ಕೇಳಿ ಮಾಡಿಸಿಕೊಂಡದ್ದು.

ಮಾರನೇ ದಿನ ಹಳೇಬೀಡು. ಅಲ್ಲಿ ಬೇರೆ ಗೈಡ್, ವಯಸ್ಸಿನಲ್ಲಿ ಚಿಕ್ಕವರು, ಓಡುವ ಮಾತು. ಹೊಯ್ಸಳೇಶ್ವರ ಗುಡಿಯ ಕೆಲಸ 1121ರ ಸುಮಾರಿಗೆ ಶುರುವಾಯಿತು, ಕೇತಮಲ್ಲ ಅನ್ನುವ ಅಧಿಕಾರಿ ಕಟ್ಟಿಸಿದ. ಜೋಡಿ ಶಿವಗುಡಿ, ಎದುರಿಗೆ ಜೋಡಿ ನಂದಿ. ಗೋಡೆಯ ಪಟ್ಟಿಗಳನ್ನು ಅವರು ಲಯಬದ್ಧವಾಗಿ ಹೇಳಿದರು: ಆನೆ ಬಲಕ್ಕೆ, ಸಿಂಹ ಧೈರ್ಯಕ್ಕೆ, ಕುದುರೆ ವೇಗಕ್ಕೆ. ಗಜಾಸುರನ ಚರ್ಮದೊಳಗೆ ಕುಣಿಯುವ ಶಿವ, ಕೈಲಾಸ ಎತ್ತುವ ರಾವಣ, ಇವುಗಳ ಮುಂದೆ ನಿಂತಾಗ ಯಾರ ವಿವರಣೆಯೂ ಬೇಕಾಗಲಿಲ್ಲ. "ಮೊಘಲರು ಬಂದು ಒಡೆದರು" ಅಂದಾಗ ಮಾತ್ರ ಸುಮ್ಮನಿರಲು ಆಗಲಿಲ್ಲ. ದೋರಸಮುದ್ರದ, ಅಂದರೆ ಆಗಿನ ಹಳೇಬೀಡಿನ, ಮೇಲೆ ದಾಳಿ ಮಾಡಿದ ಮಲಿಕ್ ಕಾಫರ್ ದಿಲ್ಲಿಯ ಖಿಲ್ಜಿಗಳ ದಂಡನಾಯಕ, ಇಸವಿ 1311. ಮೊಘಲರು ದಿಲ್ಲಿಗೆ ಬಂದದ್ದೇ 1526ರಲ್ಲಿ. ಹುಡುಗ ನಕ್ಕು, "ಗೊತ್ತು ಸಾರ್, ಮೊಘಲ್ ಅಂದ್ರೆ ಎಲ್ರಿಗೂ ಬೇಗ ಅರ್ಥ ಆಗುತ್ತೆ" ಅಂದರು. ಮತ್ತೆ ಅದೇ ಉತ್ತರ!

ಗುಡಿಯ ದಕ್ಷಿಣಕ್ಕೆ ಒಂದು ಕಂಬ ಇದೆ. ಗುಂಪುಗಳು ಅದನ್ನು ದಾಟಿ ನಂದಿಯ ಫೋಟೊಗೆ ಹೋಗುತ್ತವೆ. ಕುವರ ಲಕ್ಷ್ಮನ ಕಂಬ ಅದು. ಅವನು ಇಮ್ಮಡಿ ಬಲ್ಲಾಳನ ಗರುಡ, ಅಂದರೆ ಒಡೆಯ ಸತ್ತ ಮೇಲೆ ತಾನು ಬದುಕುವುದಿಲ್ಲ ಅಂತ ಮಾತು ಕೊಟ್ಟವನು. 1220ರಲ್ಲಿ ಬಲ್ಲಾಳ ತೀರಿಕೊಂಡಾಗ ಲಕ್ಷ್ಮ, ಅವನ ಹೆಂಡತಿ, ಅವನ ಜೊತೆಗಾರರು ಮಾತು ಉಳಿಸಿಕೊಂಡರು. ಕಂಬದ ಸುತ್ತ ಕತ್ತಿ ಹಿಡಿದ ಗಂಡಸರ ಸಾಲಿದೆ. ಅವರಲ್ಲಿ ಕೆಲವರು ತಮ್ಮ ತಲೆಯನ್ನು ತಾವೇ ಕಡಿದುಕೊಳ್ಳುತ್ತಿದ್ದಾರೆ. ಅಲ್ಲಿ ನಿಂತು ಮೆಚ್ಚಬೇಕೋ ಹೆದರಬೇಕೋ ತಿಳಿಯುವುದಿಲ್ಲ. ನನಗಂತೂ ಹೊಟ್ಟೆ ತೊಳೆಸಿದಂತಾಯಿತು. ಆನೆ ಬಲಕ್ಕೆ, ಸಿಂಹ ಧೈರ್ಯಕ್ಕೆ ಅಂತ ಹೇಳಿ ಮುಗಿಸಿದ ಗೋಡೆಯ ಪಕ್ಕದಲ್ಲೇ ಆ ಆಸ್ಥಾನದಲ್ಲಿ ಧೈರ್ಯಕ್ಕೆ ಏನು ಬೆಲೆ ಇತ್ತು ಅಂತ ಕೆತ್ತಿಟ್ಟಿದ್ದಾರೆ. ಗೈಡುಗಳು ಇದನ್ನು ಬಿಡುವುದು ನನಗೆ ಅರ್ಥವಾಗುತ್ತದೆ. ಇಲ್ಲಿ "ಅಬ್ಬಾ" ಬರುವುದಿಲ್ಲ.

ಬಸದಿ ಹಳ್ಳಿಗೂ ಗುಂಪುಗಳು ಬರುವುದು ಕಡಿಮೆ. ಹೊಯ್ಸಳೇಶ್ವರದಿಂದ ನಡೆದು ಹೋಗುವಷ್ಟು ಹತ್ತಿರ ಮೂರು ಜೈನ ಬಸದಿಗಳಿವೆ. ಪಾರ್ಶ್ವನಾಥ ಬಸದಿಯನ್ನು 1133ರಲ್ಲಿ ಕಟ್ಟಿಸಿದವನು ವಿಷ್ಣುವರ್ಧನನ ದಂಡನಾಯಕ ಗಂಗರಾಜನ ಮಗ ಬೊಪ್ಪದೇವ. ಯುದ್ಧದಲ್ಲಿ ಗೆಲುವು, ಅರಮನೆಯಲ್ಲಿ ಗಂಡು ಮಗು, ಬಸದಿಯ ಪ್ರತಿಷ್ಠೆ, ಮೂರೂ ಒಟ್ಟಿಗೆ ಬಂದವಂತೆ. ಖುಷಿಯಾದ ವಿಷ್ಣುವರ್ಧನ ದೇವರಿಗೆ ವಿಜಯಪಾರ್ಶ್ವ, ಮಗನಿಗೆ ವಿಜಯ ನರಸಿಂಹ ಅಂತ ಹೆಸರಿಟ್ಟ. ಹೊರಗೋಡೆಯಲ್ಲಿ ಕೆತ್ತನೆ ಇಲ್ಲವೇ ಇಲ್ಲ ಅನ್ನಬಹುದು. ಒಳಗೆ ಕಪ್ಪು ಕಂಬಗಳು, ಮುಖ ಕಾಣುವಷ್ಟು ನಯ. ಹೊಯ್ಸಳೇಶ್ವರದ ಗದ್ದಲದಿಂದ ಬಂದ ಕಣ್ಣಿಗೆ ಎಷ್ಟು ಹಿತ ಗೊತ್ತಾ? ಅದೇ ಊರು, ಅದೇ ಕಾಲ, ಬೇರೆಯದೇ ರುಚಿ. ಇನ್ನೂ ಸ್ವಲ್ಪ ಮುಂದೆ ಹೋದರೆ ಕೇದಾರೇಶ್ವರ, ಇಮ್ಮಡಿ ಬಲ್ಲಾಳ ಮತ್ತು ರಾಣಿ ಕೇತಲದೇವಿ 1219ರಲ್ಲಿ ಕಟ್ಟಿಸಿದ್ದು.

ಹೋಗುವವರಿಗೆ ಒಂದೆರಡು ಮಾತು. ಗೈಡ್ ದುಡ್ಡು ಉಳಿಸಲು ಹೋಗಬೇಡಿ. ಮೊದಲೇ ಹೇಳಿ: ನಮಗೆ ಟೈಮ್ ಇದೆ, ಜಕಣಾಚಾರಿ ಕತೆ ಗೊತ್ತು, ಶಿಲ್ಪಿಗಳ ಸಹಿ ತೋರಿಸಿ, ಅರ್ಧಕ್ಕೆ ನಿಂತ ಕೆತ್ತನೆ ಎಲ್ಲಿದ್ದರೂ ತೋರಿಸಿ. ಹಳೇಬೀಡಿನಲ್ಲಿ ಕೆಲಸ ಪೂರ್ತಿ ಮುಗಿದೇ ಇಲ್ಲ, ಹಾಗಾಗಿ ಅಂಥದ್ದು ಸಿಗುತ್ತದೆ. ಉಳಿ ಎಲ್ಲಿಂದ ಶುರು ಮಾಡುತ್ತಿತ್ತು ಅಂತ ಅಲ್ಲೇ ಕಾಣುವುದು. ಮಕ್ಕಳಿದ್ದರೆ ಹಲ್ಲಿಯಿಂದಲೇ ಶುರು ಮಾಡಿಸಿ. ಗೈಡ್ ಹೋದ ಮೇಲೆ ಇನ್ನೊಂದು ಸುತ್ತು ನಿಮ್ಮಷ್ಟಕ್ಕೆ ಬನ್ನಿ. ಪಡುವಣ ಗೋಡೆಗೆ ಬೆಳಕು ಚೆನ್ನಾಗಿ ಬೀಳುವುದು ಸಂಜೆ ಮುಂದೆ. ಬೇಸಿಗೆಯಾದರೆ ಕಾಲುಚೀಲ ಮರೆಯಬೇಡಿ, ಚಪ್ಪಲಿ ಹೊರಗೆ ಬಿಡಬೇಕು, ಮಧ್ಯಾಹ್ನದ ಜಗತಿ ಕಾಲು ಸುಡುತ್ತದೆ.